ಇಪ್ಪತ್ತಾರು ಪದರದ ಗೋಡೆ

ಫೆಬ್ರವರಿ 4, ಮಂಗಳವಾರ. ಬೆಳಗ್ಗೆ 11

ಇವತ್ತೂ ಗಾಜು ಒರೆಸುವ ಕೆಲಸ ನನ್ನದೇ. ಒಂಬತ್ತು ಫ್ರೇಮ್ ಆಯಿತು, ಇನ್ನು ಐದು. ಹಳೇ ನ್ಯೂಸ್‌ಪೇಪರ್ ಉಂಡೆ ಮಾಡಿ, ನೀರು ಚಿಮುಕಿಸಿ, ಮೇಲಿಂದ ಕೆಳಕ್ಕೆ. ಗುಂಡಗೆ ತಿರುಗಿಸಿದರೆ ಗೆರೆ ಉಳಿಯುತ್ತದೆ ಅಂತ ಅತ್ತೆಯ ಆರ್ಡರ್. ಗಾಜಿನಲ್ಲಿ ನನ್ನ ಮುಖ, ನನ್ನ ಹಿಂದೆ ಏಣಿ ಹತ್ತಿದ ನನ್ನ ಗಂಡ. ಬಾಯಲ್ಲಿ ಮೂರು ಮೊಳೆ. ಮದುವೆಯಾಗಿ ಇಪ್ಪತ್ತನಾಲ್ಕನೇ ದಿನ, ಇನ್ನೂ ಕದ್ದು ನೋಡುವುದು ಬಿಟ್ಟಿಲ್ಲ! ಸಿಕ್ಕಿಬಿದ್ದೆ. ಮೊಳೆ ಕಚ್ಚಿಕೊಂಡೇ ನಕ್ಕ. ಒಂದು ಕೆಳಗೆ ಬಿತ್ತು. ಮೊಳೆರಾಯ ಅಂತ ಹೆಸರಿಟ್ಟದ್ದು ಸುಮ್ಮನೆ ಅಲ್ಲ.

ಮದುವೆಗೆ ಮೊದಲು ನನಗೆ ಆರ್ಟ್ ಗ್ಯಾಲರಿ ಅಂದರೆ ಎ.ಸಿ., ಉದ್ದ ಗ್ಲಾಸು, ಪಿಸುಮಾತು. ನನ್ನ ಅತ್ತೆಯ ಗ್ಯಾಲರಿ ಎಂದರೆ ಎರಡು ರೂಮು, ಒಂದು ಪ್ಯಾಸೇಜು, ಹಿಂದೆ ಫ್ರೇಮ್ ಮಾಡುವ ವರ್ಕ್‌ಶಾಪ್, ಟೇಬಲ್ ಫ್ಯಾನು, ಲೋಟದ ತುಂಬ ಟೀ, ಅತ್ತೆಯ ದೊಡ್ಡ ಗಂಟಲು. ಹಿಂದೆ ಇಲ್ಲಿ ಟೈಪಿಂಗ್ ಕ್ಲಾಸ್ ಇತ್ತಂತೆ. ಮೇಜಿನ ಕಾಲಿನ ಗುಳಿಗಳು ನೆಲದಲ್ಲಿ ಇನ್ನೂ ಸಾಲಾಗಿವೆ. ಇಲ್ಲಿಗೆ ಬರುವ ಕಲಾವಿದರು ದೊಡ್ಡ ಗ್ಯಾಲರಿಗಳ ಮೆಟ್ಟಿಲು ಹತ್ತಿ ಇಳಿದವರು, ಇಲ್ಲವೇ ಹತ್ತುವ ಧೈರ್ಯವೇ ಸಾಲದವರು. ಕಳೆದ ವರ್ಷ ಒಬ್ಬ ಬಸ್ ಡ್ರೈವರ್. ಅದಕ್ಕೂ ಹಿಂದಿನ ವರ್ಷ ಅರವತ್ತೆಂಟು ವಯಸ್ಸಿನ ನರ್ಸ್, ಅದೇ ಅವರ ಮೊದಲ ಪ್ರದರ್ಶನ.

"ಹೆಸರಿರೋರಿಗೆ ಗೋಡೆ ಕೊಡೋಕೆ ಊರೆಲ್ಲ ಇದೆ," ಅಂತ ಅತ್ತೆ. "ನಾವು ಮಿಕ್ಕೋರನ್ನ ನೋಡ್ಕೊಳ್ಳೋಣ."

ಐ ಲವ್ ದಿಸ್ ವುಮನ್. ಅವರಿಗೆ ಹೇಳಿಲ್ಲ. ಹೇಳಿದರೆ ಇನ್ನೂ ಐದು ಗಾಜು ಕೊಡುತ್ತಾರೆ.

ಫೆಬ್ರವರಿ 5, ಬುಧವಾರ

ಅತ್ತೆಯ ಮೇಜಿನ ಹಿಂದೆ, ಬಾಗಿಲಿನಷ್ಟು ಅಗಲದ ಗೋಡೆ ಖಾಲಿ. ಬೇರೆ ಎಲ್ಲ ಕಡೆ ಚಿತ್ರ, ಅಲ್ಲಿ ಮಾತ್ರ ಒಂದು ಮೊಳೆಯೂ ಇಲ್ಲ. "ಅತ್ತೆ, ಇಲ್ಲೊಂದು ಕನ್ನಡಿ ಹಾಕೋಣ್ವಾ?" ಅಂದೆ. ಏಣಿಯ ಮೇಲಿಂದ ಮೊಳೆರಾಯ ಕೆಮ್ಮಿದ.

"ಅದು ಸ್ಲೇಟು ಕಣೇ," ಅಂದರು ಅತ್ತೆ.

ಕಥೆ ಹೀಗೆ. ಜೀವಮಾನದಲ್ಲಿ ಮೊದಲ ಸಲ ಪ್ರದರ್ಶನ ಮಾಡುವವರಿಗೆ ಹಿಂದಿನ ಸಂಜೆ ಕೈಕಾಲು ಆಡುವುದಿಲ್ಲವಂತೆ. ಒಬ್ಬನಂತೂ ಚಿತ್ರಗಳನ್ನೆಲ್ಲ ವಾಪಸ್ ಆಟೋಗೆ ತುಂಬಿದ್ದನಂತೆ. ಆಗ ಅತ್ತೆ ಒಂದು ಪೆನ್ಸಿಲ್ ಕೊಟ್ಟು ಈ ಗೋಡೆಯ ಮುಂದೆ ನಿಲ್ಲಿಸುತ್ತಾರೆ. ಏನು ಬೇಕಾದರೂ ಬರಿ, ಯಾರೂ ನೋಡಲ್ಲ, ಯಾರೂ ಏನೂ ಅನ್ನಲ್ಲ. ಮಾರನೇ ದಿನ ಬಾಗಿಲು ತೆರೆಯುವ ಮೊದಲೇ ಅದರ ಮೇಲೆ ಬಿಳಿ ಬಳಿದುಬಿಡುತ್ತಾರೆ. ಫೋಟೋ ಇಲ್ಲ. ಮುಂದಿನವರು ಬಂದಾಗ ಅದೇ ಜಾಗ, ಅದೇ ಪೆನ್ಸಿಲ್ ಅಲ್ಲ, ಆದರೆ ಅದೇ ಮಾತು. ಮೂವತ್ತು ವರ್ಷದಲ್ಲಿ ಇಪ್ಪತ್ತಾರು ಜನ. ಒಬ್ಬರ ಮೇಲೊಬ್ಬರು.

"ಇದ್ದಬದ್ದ ಭಯ ಎಲ್ಲ ಗೋಡೆ ಕುಡ್ಕೊಳತ್ತೆ. ಮಾರನೇ ದಿನ ಆರಾಮಾಗಿ ನಿಂತಿರ್ತಾರೆ," ಅಂದರು.

ಆಮೇಲೆ ಮಧ್ಯಾಹ್ನವೆಲ್ಲ ಆ ಗೋಡೆಯನ್ನೇ ನೋಡುತ್ತಾ ಕೂತಿದ್ದೆ. ಬರೀ ಬಿಳಿ. ಆದರೆ ಕೈಯಿಟ್ಟರೆ ಸುತ್ತಲಿನ ಗೋಡೆಗಿಂತ ಸ್ವಲ್ಪ ಉಬ್ಬಿದೆ!

ಫೆಬ್ರವರಿ 7, ಶುಕ್ರವಾರ. ಮಧ್ಯಾಹ್ನ 3

ಬೂಟಿನ ಡಬ್ಬದಲ್ಲಿದ್ದ ಹಳೆಯ ಇನ್ವಿಟೇಷನ್ ಕಾರ್ಡುಗಳನ್ನು ವರ್ಷವಾರು ಜೋಡಿಸುತ್ತಿದ್ದೆ. ಮೂರನೆಯ ಕಾರ್ಡು. ಇಪ್ಪತ್ತೇಳು ವರ್ಷ ಹಳೆಯದು, ಅಂಚು ಹಳದಿ. ಅದರಲ್ಲಿ ನನ್ನ ಡ್ರಾಯಿಂಗ್ ಮಿಸ್ ಹೆಸರು! ಇನಿಶಿಯಲ್ ಸಮೇತ! ಕಿರುಚಿದ ರಭಸಕ್ಕೆ ಮೊಳೆರಾಯ ಸುತ್ತಿಗೆ ಹಿಡಿದುಕೊಂಡೇ ಓಡಿಬಂದ.

ಮೂರನೇ ಮಹಡಿ, ಕೊನೆಯ ರೂಮು. ಕ್ರೇಯಾನ್ ವಾಸನೆ. ನೀರಿನ ಡಬ್ಬ ಚೆಲ್ಲಿ ಚೆಲ್ಲಿ ಉಬ್ಬಿಕೊಂಡಿದ್ದ ಬೆಂಚು. ಕನ್ನಡದಲ್ಲಿ ಒಂದು ಮಾತಾಡಿದರೆ ಕ್ಲಾಸಿನ ಹೊರಗೆ ನಿಲ್ಲಿಸುತ್ತಿದ್ದ ಸ್ಕೂಲು ನಮ್ಮದು. ಮಿಸ್ ಮಾತ್ರ ಬಾಗಿಲು ಮುಂದೆ ಮಾಡಿ, "ಈಗ ಕನ್ನಡ ಮಾತಾಡ್ರೋ, ಕೈಗೆ ಇಂಗ್ಲಿಷ್ ಬರಲ್ಲ" ಅನ್ನುತ್ತಿದ್ದರು. ನಲವತ್ತು ಮಕ್ಕಳು ಒಟ್ಟಿಗೆ ಉಸಿರು ಬಿಡುತ್ತಿದ್ದೆವು. ವಾರಕ್ಕೆ ಒಂದೇ ಪೀರಿಯಡ್, ಅದನ್ನೂ ಎಕ್ಸಾಮ್ ಹತ್ತಿರ ಬಂದರೆ ಮ್ಯಾತ್ಸ್ ಮಿಸ್ ಕಿತ್ತುಕೊಳ್ಳುತ್ತಿದ್ದರು. ಒಂದು ಸಲ ನಾನು ನೇರಳೆ ಬಣ್ಣದ ನಾಯಿ ಬರೆದೆ. ಎಲ್ಲರೂ ನಕ್ಕರು. ಮಿಸ್ ನಾಯಿಯನ್ನು ತುಂಬ ಹೊತ್ತು ನೋಡಿದರು. "ಇದಕ್ಕೆ ಹಸಿವಾಗಿದೆ, ಅಲ್ವಾ?" ಅಂದರು. ಹೌದು, ಹಸಿವಾಗಿತ್ತು! ಅವರಿಗೆ ಹೇಗೆ ಗೊತ್ತಾಯಿತು!

ಅವರು ಹುಟ್ಟಿದ್ದೇ ಡ್ರಾಯಿಂಗ್ ಮಿಸ್ ಆಗಿ ಅಂದುಕೊಂಡಿದ್ದೆವು. ಪೇಂಟರ್ ಆಗಿದ್ದರು ಅಂತ ಯಾರಿಗೂ ಗೊತ್ತಿರಲಿಲ್ಲ.

"ಆ ಹುಡುಗಿನಾ!" ಅಂದರು ಅತ್ತೆ. "ಹನ್ನೊಂದು ಚಿತ್ರ ತಂದಿದ್ಲು. ನೋಡೋಕೆ ಬಂದೋರು ಒಂಬತ್ತೇ ಜನ, ಅದ್ರಲ್ಲಿ ಇಬ್ರು ಮಳೆಗೆ ಒಳಗೆ ಬಂದೋರು. ಆಮೇಲೆ ನಾಲ್ಕು ಕಾಗದ ಬರೆದೆ. ಬರಲೇ ಇಲ್ಲ."

"ಚೆನ್ನಾಗಿತ್ತಾ ಅತ್ತೆ?"

"ಚೆನ್ನಾಗಿಲ್ದಿದ್ರೆ ನಾಲ್ಕು ಕಾಗದ ಬರೀತಿದ್ನಾ?"

ಮುಂದಿನ ಪ್ರದರ್ಶನ ಅವರದೇ ಮಾಡೋಣ ಅಂದೆ. ಅತ್ತೆ ಕನ್ನಡಕ ತೆಗೆದು ನನ್ನನ್ನು ನೋಡಿದರು. "ಹುಡುಕು ಹಾಗಾದ್ರೆ."

ಫೆಬ್ರವರಿ 9, ಭಾನುವಾರ. ಸಂಜೆ

ಹುಡುಕಿದೆ. ಕ್ಲಾಸ್‌ಮೇಟ್ಸ್ ಗ್ರೂಪಿನಲ್ಲಿ ಕೇಳಿದ್ದಕ್ಕೆ ಹತ್ತು ನಿಮಿಷದಲ್ಲಿ ಅಡ್ರೆಸ್ ಬಂತು. ತಮ್ಮನ ಮನೆಯಲ್ಲಿದ್ದಾರೆ, ಎರಡನೇ ಮಹಡಿ. ರಿಟೈರ್ ಆಗಿ ನಾಲ್ಕು ವರ್ಷ. ಬಾಗಿಲು ತೆರೆದವರು ನನ್ನನ್ನು ಮೇಲಿಂದ ಕೆಳಗೆ ನೋಡಿ, "ನೇರಳೆ ನಾಯಿ!" ಅಂದರು. ನನಗೆ ಅಳು ಬಂತು. ಪಕ್ಕದಲ್ಲಿದ್ದ ಮೊಳೆರಾಯನಿಗೆ ಗಾಬರಿ, ಹೆಂಡತಿಗೆ ಯಾರೋ ಬೈದರು ಅಂದುಕೊಂಡ.

ಎಷ್ಟು ಚಿಕ್ಕವರಾಗಿಬಿಟ್ಟಿದ್ದಾರೆ ಮಿಸ್. ಅಥವಾ ನಾನೇ ಉದ್ದವಾದೆನೋ.

ಪ್ರದರ್ಶನದ ಮಾತು ತೆಗೆದೆ. ಮಿಸ್ ಟೀ ಲೋಟದ ಅಂಚನ್ನೇ ಉಜ್ಜುತ್ತಾ ಕೂತರು.

"ಏನಿದೆ ಮರಿ ತೋರ್ಸೋಕೆ? ಹನ್ನೊಂದೂ ಟೆರೇಸ್ ರೂಮಲ್ಲಿ ಇಟ್ಟಿದ್ದೆ. ಎರಡು ಮಳೆಗಾಲ ನಾನು ಬಾಗಿಲೇ ತೆಗೆದು ನೋಡ್ಲಿಲ್ಲ. ಆಮೇಲೆ ತೆಗೆದ್ರೆ ಎಲ್ಲ ಸೇರಿ ಒಂದೇ ಮುದ್ದೆ. ನಾನೇ ಕೆಳಗೆ ಹೊತ್ಕೊಂಡು ಹೋಗಿ ಹಾಕಿದೆ."

"ಒಂದು ಫೋಟೋನೂ ಇಲ್ವಾ ಮಿಸ್?"

"ಇಲ್ಲ. ನಂದು ಅಂತ ಈ ಭೂಮಿ ಮೇಲೆ ಉಳಿದಿದ್ರೆ ನಿಮ್ಮತ್ತೆ ಮೇಜಿನ ಹಿಂದೆ ಒಂದಿದೆ. ಬಿಳಿ ಬಣ್ಣದ ಕೆಳಗೆ." ನಕ್ಕರು. "ಅದು ಮಾತ್ರ ಚೆನ್ನಾಗಿ ಬಂದಿತ್ತು ಅಂತ ಜ್ಞಾಪಕ. ಅದನ್ನ ನೆನೆಸ್ಕೊಂಡೇ ಇಷ್ಟು ವರ್ಷ... ಹೋಗ್ಲಿ ಬಿಡು."

ಏನು ಬರೆದಿದ್ದಿರಿ ಅಂತ ಕೇಳಿದರೆ ಹೇಳಲಿಲ್ಲ.

"ನಾನು ತೆಗಿಸ್ತೀನಿ ಮಿಸ್! ಪ್ರಾಮಿಸ್! ಮೇಲಿನ ಬಿಳಿ ಕೆರೆದ್ರೆ ಆಯ್ತಲ್ಲ!"

ಮಿಸ್ ಕೈಯಲ್ಲಿದ್ದ ಲೋಟ ಕೆಳಗಿಟ್ಟರು. ಆ ಮುಖ ನಾನು ಯಾವತ್ತೂ ನೋಡಿರಲಿಲ್ಲ. ಬೈಕ್ ಹತ್ತಿರ ಬಂದ ಮೇಲೆ ಮೊಳೆರಾಯ, "ಅವರು ಮೂರನೆಯವರು. ಮೇಲೆ ಇನ್ನೂ ಇಪ್ಪತ್ತಮೂರು ಜನ ಇದ್ದಾರೆ," ಅಂದ.

ಅಯ್ಯೋ.

ಫೆಬ್ರವರಿ 10, ಸೋಮವಾರ. ರಜೆ

ಅತ್ತೆಗೆ ಹೇಳಿದೆ. ಕೂಗಾಡುತ್ತಾರೆ ಅಂದುಕೊಂಡಿದ್ದೆ. ದೊಡ್ಡ ಗಂಟಲು ಸಣ್ಣದಾಯಿತು. ಅದು ಇನ್ನೂ ಕಷ್ಟ.

"ಅವಳನ್ನ ಮೇಲೆ ತರೋಕೆ ಇಪ್ಪತ್ತಮೂರು ಜನರನ್ನ ಅಳಿಸ್ತೀಯಾ? ಯಾರು ಕೊಟ್ರು ನಿಂಗೆ ಅಧಿಕಾರ? ಯಾರೂ ಮುಟ್ಟಲ್ಲ ಅಂತ ಒಬ್ಬೊಬ್ರಿಗೂ ಮಾತು ಕೊಟ್ಟಿದ್ದೀನಿ."

"ಆದ್ರೆ ಮಿಸ್‌ಗೆ ಬೇರೆ ಏನೂ ಉಳಿದಿಲ್ಲ ಅತ್ತೆ."

"ನಂಗೆ ಉಳಿದಿದ್ಯಾ?" ಅಂದು ಎದ್ದು ಹೋದರು.

ಮೊಳೆರಾಯ ವರ್ಕ್‌ಶಾಪಿಗೆ ಕರೆದುಕೊಂಡು ಹೋಗಿ ಹೇಳಿದ. ಹದಿನೇಳನೆಯ ಪದರ ಮಾವನದು. ನನ್ನ ಮಾವ, ನಾನು ನೋಡಿಯೇ ಇಲ್ಲದ ಮಾವ, ಇಪ್ಪತ್ತು ವರ್ಷ ಇಲ್ಲಿ ಎಲ್ಲರ ಚಿತ್ರಕ್ಕೂ ಫ್ರೇಮ್ ಹಾಕಿದವರು. ಕಾಯಿಲೆ ಜೋರಾದ ವರ್ಷ, "ಎಲ್ರಿಗೂ ಫ್ರೇಮ್ ಮಾಡಿದ್ದಾಯ್ತು, ನಂಗೂ ಒಂದ್ಸಲ ಗೋಡೆ ಕೊಡೇ" ಅಂದರಂತೆ. ಅತ್ತೆಯನ್ನು ಬೀದಿಯಲ್ಲಿ ಸ್ಟೂಲ್ ಹಾಕಿ ಕೂರಿಸಿದರಂತೆ. ಒಂದು ಗಂಟೆ. ಆಮೇಲೆ ಬಿಳಿಯನ್ನೂ ತಾವೇ ಬಳಿದು, ಕೈ ತೊಳೆದುಕೊಂಡು ಬಾಗಿಲು ತೆರೆದರಂತೆ. ಹತ್ತೊಂಬತ್ತು ದಿನಕ್ಕೆ ಹೋದರು.

"ಏನು ಬರೆದ್ರು ಅಂತ ಅಮ್ಮನೂ ನೋಡಿಲ್ಲ, ನಾನೂ ನೋಡಿಲ್ಲ," ಅಂದ.

"ನೋಡ್ಬೇಕು ಅನ್ಸಲ್ವಾ?"

"ನೋಡೋಕೆ ಅಂತ ಹೋಗಿ ಕಳ್ಕೊಂಡ್ಬಿಟ್ರೆ?"

ಮೂವತ್ತನೇ ದಿನ. ಮೊದಲ ಜಗಳ. ಜೋರಾಗಿ ಅಲ್ಲ, ಇಬ್ಬರೂ ಮುಖ ತಿರುಗಿಸಿಕೊಂಡು ಬಟ್ಟೆ ಮಡಚಿದೆವು. ಅವನ ಶರ್ಟನ್ನು ಬೇಕೆಂದೇ ಸೊಟ್ಟಗೆ ಮಡಚಿದೆ.

ಫೆಬ್ರವರಿ 13, ಗುರುವಾರ. ಮಧ್ಯಾಹ್ನ 2

ಮಾಡಬಾರದ್ದು ಮಾಡಿದೆ.

ಮಿಸ್ ಫೋನ್ ಮಾಡಿದ್ದರು. "ತೊಂದ್ರೆ ತಗೋಬೇಡ ಮರಿ" ಅಂತ ಮೂರು ಸಲ ಹೇಳಿ, ಇಡುವಾಗ "ಯಾವತ್ತು ಬರ್ಲಿ?" ಅಂದರು. ನಾನು ಸತ್ತೇ ಹೋದೆ. ಅತ್ತೆ ಊಟಕ್ಕೆ ಹೋಗಿದ್ದರು, ಮೊಳೆರಾಯ ಗಾಜು ತರಲು. ಒಂದೇ ಒಂದು ಮೂಲೆ, ಬೆರಳಗಲ, ಎಷ್ಟು ದಪ್ಪ ಇದೆ ನೋಡೋಣ ಅಂತ ಬೆಣ್ಣೆ ಹಚ್ಚುವ ಚಾಕುವಿನಿಂದ... ಅಂಗೈಯಗಲ ಎದ್ದುಬಂತು. ಕೆಳಗೆ ಪೆನ್ಸಿಲ್ ಗೆರೆ! ಯಾರದೋ ತೆರೆದ ಬಾಯಿ! ಇನ್ನೊಂದು ಚೂರು ಕೆರೆದೆ. ಗೆರೆಯೂ ಪುಡಿಯಾಗಿ ಚಾಕುವಿನ ಜೊತೆ ಬಂತು.

ತಿರುಗಿದರೆ ಬಾಗಿಲಲ್ಲಿ ಅತ್ತೆ.

ಬೈದಿದ್ದರೆ ಚೆನ್ನಾಗಿತ್ತು. ಫೋನ್ ಎತ್ತಿ ನಂಬರ್ ಒತ್ತಿ ನನ್ನ ಕೈಗೆ ಕೊಟ್ಟರು. "ಬಸ್ ಡ್ರೈವರ್‌ದು ಅದು. ನೀನೇ ಹೇಳು."

ಫೆಬ್ರವರಿ 15, ಶನಿವಾರ

ಡ್ರೈವರ್ ಇವತ್ತು ಡ್ಯೂಟಿ ಮುಗಿಸಿ ಯೂನಿಫಾರ್ಮಿನಲ್ಲೇ ಬಂದರು. ಜೊತೆಗೆ ಅವರ ಅಮ್ಮ. ನಾನು ಬಾಗಿಲ ಹಿಂದೆ ಹೆಚ್ಚುಕಮ್ಮಿ ಅಡಗಿದ್ದೆ. ಅವರು ನಾನು ಕೆರೆದ ಜಾಗಕ್ಕೆ ಮೂಗು ತಾಗಿಸುವಷ್ಟು ಹತ್ತಿರ ಹೋಗಿ ನೋಡಿದರು. ಬಸ್ಸಿನ ಕನ್ನಡಿಯಲ್ಲಿ ಕಾಣುವ ಹಾಗೆ, ಬಾಯಿ ತೆರೆದು ನಿದ್ದೆ ಮಾಡುವ ಪ್ಯಾಸೆಂಜರ್‌ಗಳನ್ನು ಬರೆದಿದ್ದರಂತೆ.

"ಇಬ್ರು ಇಳಿದು ಹೋಗಿದ್ದಾರೆ," ಅಂದರು.

ಸಾರಿ ಅಂದೆ. ಹತ್ತು ಸಲ ಅಂದೆ.

"ಅಯ್ಯೋ ಬಿಡಿ ಮೇಡಂ. ಅವರ ಸ್ಟಾಪ್ ಬಂದಿತ್ತು. ಮಿಕ್ಕೋರು ಇದ್ದಾರಾ ನೋಡ್ಬೇಕಲ್ಲ ಈಗ. ಪೂರ್ತಿ ತೆಗೀರಿ. ಅವತ್ತು ಏನು ಬರೆದೆ ಅಂತ ನಂಗೇ ಸರಿಯಾಗಿ ನೆನಪಿಲ್ಲ, ಕೈ ಅಷ್ಟು ನಡುಗ್ತಿತ್ತು. ಒಂದ್ಸಲ ನೋಡಿಬಿಡ್ತೀನಿ. ಅಮ್ಮನೂ ನೋಡ್ಲಿ."

"ಆಮೇಲೆ?" ಅಂದರು ಅತ್ತೆ.

"ಆಮೇಲೆ ಏನು? ಹಿಂದೆ ಇರೋರಿಗೆ ದಾರಿ ಬಿಡೋದು. ನನ್ನ ಕೆಲಸ ಅದೇ ಅಲ್ವಾ."

ಅವರು ಹೋದ ಮೇಲೆ ಅತ್ತೆ ತುಂಬ ಹೊತ್ತು ಮೇಜಿನ ಮುಂದೆ ಕೂತಿದ್ದರು, ಮೊದಲ ಸಲ ಗೋಡೆಯ ಕಡೆಗೆ ಕುರ್ಚಿ ತಿರುಗಿಸಿಕೊಂಡು.

ಫೆಬ್ರವರಿ 20, ಗುರುವಾರ

ಬರೆಯಲು ಪುರುಸೊತ್ತಿಲ್ಲ! ಅತ್ತೆ ಎಲ್ಲರಿಗೂ ಫೋನ್ ಮಾಡುತ್ತಿದ್ದಾರೆ. ಒಬ್ಬೊಬ್ಬರನ್ನೂ ಕೇಳುತ್ತಿದ್ದಾರೆ. ಒಬ್ಬರ ಪದರ ತೆರೆಯುವುದು, ಅವರು ಬಂದು ನೋಡುವುದು, ಆಮೇಲೆ ಅದನ್ನು ಒರೆಸಿ ಕೆಳಗಿನವರದು. ದಿನಕ್ಕೆ ಒಬ್ಬರು. ಇದೇ ನಮ್ಮ ಮುಂದಿನ ಪ್ರದರ್ಶನ! ಯಾರೂ ಬೇಡ ಅನ್ನಲಿಲ್ಲ. ಇಬ್ಬರು ತೀರಿಕೊಂಡಿದ್ದಾರೆ, ಅವರ ಕಡೆಯವರು ಬರುತ್ತಾರೆ. ಪಟ್ಟಿಯಲ್ಲಿ ಹದಿನೇಳರ ಮುಂದೆ ಅತ್ತೆ ಏನೂ ಬರೆದಿಲ್ಲ.

ಮ್ಯೂಸಿಯಮ್ಮಿನಲ್ಲಿ ಹಳೇ ಚಿತ್ರ ರಿಪೇರಿ ಮಾಡುವ ಮೇಡಂ ಬಂದು ಕಲಿಸಿಕೊಟ್ಟರು. ಅತ್ತೆ ಮೊದಲಿನಿಂದಲೂ ನೀರಿಗೆ ಬಿಡುವ ಅಗ್ಗದ ಡಿಸ್ಟೆಂಪರನ್ನೇ ಬಳಿಸಿದ್ದು ನಮ್ಮ ಪುಣ್ಯವಂತೆ. ಒದ್ದೆ ಹತ್ತಿ ಒತ್ತಿ ಹಿಡಿದು, ನೂರು ಎಣಿಸಿ, ಆಮೇಲೆ ಬ್ಲೇಡನ್ನು ಮಲಗಿಸಿ ಎಳೆಯಬೇಕು. ಪದರ ಸಿಪ್ಪೆಯ ಹಾಗೆ ಏಳುತ್ತದೆ. ನನ್ನ ಚಾಕುವಿನ ಗಾಯ ನೋಡಿ, "ಇದು ಯಾರು?" ಅಂದರು. ಮೂವರೂ ಫ್ಯಾನ್ ನೋಡಿದೆವು.

ಮೊಳೆರಾಯ ನನಗೆ ಏಪ್ರನ್ ಕಟ್ಟಿದ. ಗಂಟು ಹಾಕಲು ಅಷ್ಟು ಹೊತ್ತು ಬೇಕಿರಲಿಲ್ಲ. ಜಗಳ ಮುಗಿಯಿತು.

ಫೆಬ್ರವರಿ 26, ಬುಧವಾರ

ನಿನ್ನೆ ಇಪ್ಪತ್ತಾರು, ಡ್ರೈವರ್. ಹದಿನಾಲ್ಕು ಪ್ಯಾಸೆಂಜರ್ ಉಳಿದಿದ್ದರು. ಅವರ ಅಮ್ಮ ಅದರಲ್ಲಿ ತಮ್ಮನ್ನೇ ಕಂಡುಹಿಡಿದು, "ನಾನು ಬಾಯಿ ಬಿಟ್ಕೊಂಡು ಮಲಗಲ್ಲ" ಅಂತ ಜಗಳ ತೆಗೆದರು. ಆಮೇಲೆ ಡ್ರೈವರ್ ತಾವೇ ಸ್ಪಂಜು ತೆಗೆದುಕೊಂಡು ಒರೆಸಿದರು. ಹಾರ್ನ್ ಶಬ್ದ ಮಾಡುತ್ತಾ. ನಾವು ನಗುತ್ತಿದ್ದೆವು, ಅವರ ಕಣ್ಣು ಮಾತ್ರ ಒದ್ದೆ.

ಇವತ್ತು ನರ್ಸ್. ಬರೀ ಕೈಗಳು, ಎಲ್ಲವೂ ಬೇರೆ ಬೇರೆಯವರ ಕೈ, ನಾಡಿ ಹಿಡಿಯಲು ಚಾಚಿದ ಹಾಗೆ. ಅವರು ಒಂದೊಂದನ್ನೂ ಮುಟ್ಟಿ, "ಇವನು ಹುಷಾರಾದ. ಇವಳೂ ಹುಷಾರಾದ್ಲು. ಇವನು..." ಅಂತ ಹೇಳುತ್ತಾ ಹೋದರು.

ಎಲ್ಲರೂ ಫೋನ್ ತೆಗೆಯುತ್ತಾರೆ. "ಒಂದೇ ಒಂದು ಫೋಟೋ?" ಅತ್ತೆ ತಲೆಯಾಡಿಸುತ್ತಾರೆ. "ಅವತ್ತೂ ಇಲ್ಲ, ಇವತ್ತೂ ಇಲ್ಲ. ಕಣ್ತುಂಬ ನೋಡ್ಕೊಳಿ."

ಮಾರ್ಚ್ 6, ಗುರುವಾರ

ಹದಿನೆಂಟು ಮುಗಿಯಿತು. ಜನ ಸಂಜೆಯಾದರೆ ಸಾಲಾಗಿ ನಿಲ್ಲುತ್ತಾರೆ, ಪ್ಯಾಸೇಜಿನವರೆಗೂ. ಹಳಬರು ನಿನ್ನೆ ಮೊನ್ನೆ ನೋಡಿ ಹೋದವರು ಮತ್ತೆ ಬರುತ್ತಾರೆ, ತಮ್ಮ ಹಿಂದೆ ಯಾರಿದ್ದರು ನೋಡಲು. ಒಬ್ಬರಿಗೊಬ್ಬರು, "ನಾನು ಇಪ್ಪತ್ತೊಂದು, ನೀವು?" "ನಾನು ಇಪ್ಪತ್ತು. ನಿಮ್ಮ ಕೆಳಗೇ ಇದ್ದೆ!" ಟೇಬಲ್ ಫ್ಯಾನು, ಸೋರುವ ಕಿಟಕಿ, ಮಾವ ಸಾಣೆ ಹಿಡಿಯುವಾಗ ಹಾಡುತ್ತಿದ್ದ ಬೇಸೂರು, ಎಲ್ಲ ಅವರ ಬಾಯಲ್ಲಿ ಕೇಳಿದೆ. ನಾನು ಇಲ್ಲದಿದ್ದ ಕಾಲವನ್ನು ನೆನೆದು ನನಗೇಕೆ ಹೀಗಾಗುತ್ತದೆ? ಮಾವ ಒಂದು ಸಲವಾದರೂ ನನಗೆ ಬೈದಿರಬೇಕಿತ್ತು ಅನ್ನಿಸುತ್ತದೆ.

ಅತ್ತೆ ಇವತ್ತು ಟೀ ಕುಡಿಯಲಿಲ್ಲ.

ಮಾರ್ಚ್ 7, ಶುಕ್ರವಾರ. ಮಧ್ಯಾಹ್ನ 1

ಹೊರಗಿನವರಿಗೆ ಬಾಗಿಲು ಹಾಕಿದ್ದೆವು. ಹತ್ತಿ ಒತ್ತಿದ್ದು ನಾನು, ಬ್ಲೇಡ್ ಎಳೆದದ್ದು ಮೊಳೆರಾಯ. ಅತ್ತೆ ಬೀದಿಯಲ್ಲಿ ಸ್ಟೂಲ್ ಹಾಕಿ ಕೂತರು. ಕರೆದರೂ ಒಳಗೆ ಬರಲಿಲ್ಲ. ಪೂರ್ತಿ ತೆರೆದ ಮೇಲೆ ನಾನು ಹೋಗಿ ಕೈ ಹಿಡಿದು ಕರೆತಂದೆ.

ಮಾವ ಅತ್ತೆಯನ್ನು ಬರೆದಿದ್ದರು. ಮೇಜಿನ ಮುಂದೆ ಕೂತ ಅತ್ತೆ, ವರ್ಕ್‌ಶಾಪಿನ ಬಾಗಿಲಿಂದ ನೋಡಿದ ಹಾಗೆ, ಒಂದು ಪಕ್ಕದಿಂದ. ಮೇಜು ಅದ್ಭುತ, ಒಂದೊಂದು ಜೋಡಣೆಯೂ ಕರಾರುವಾಕ್ಕು. ಕುರ್ಚಿ ಸೂಪರ್. ಅತ್ತೆ ಮಾತ್ರ... ಮೂಗು ಸೌತೆಕಾಯಿ. ಕಿವಿ ಕತ್ತಿನ ಮೇಲೆ.

ಅತ್ತೆ ಸೆರಗಿಗೆ ಕನ್ನಡಕ ಒರೆಸಿ ಮತ್ತೆ ಹಾಕಿಕೊಂಡರು. "ಇದನ್ನ ತಂದು ತೋರ್ಸಿದ್ರೆ," ಅಂದರು, "ನಾನು ಪಾಸ್ ಮಾಡ್ತಿರ್ಲಿಲ್ಲ."

ನಕ್ಕರು. ನಾವೂ ನಕ್ಕೆವು. ಮೊಳೆರಾಯ ನಗುತ್ತಾ ನಗುತ್ತಾ ವರ್ಕ್‌ಶಾಪಿಗೆ ಹೋದವನು ತುಂಬ ಹೊತ್ತು ಬರಲಿಲ್ಲ.

ಸಂಜೆ 6

ಒರೆಸಲು ಸ್ಪಂಜು ಕೊಟ್ಟೆ. ಅತ್ತೆ ತೆಗೆದುಕೊಳ್ಳಲಿಲ್ಲ. "ನಾಳೆ" ಅಂದರು.

"ಫೋಟೋ ತಗೊಂಡ್ಬಿಡೋಣ ಅಮ್ಮ, ನಮ್ಮ ಮನೆಗೆ ತಾನೇ," ಅಂದ ಮೊಳೆರಾಯ.

"ಒಂಬತ್ತು ಜನಕ್ಕೆ ಮುಖದ ಮೇಲೆ ಇಲ್ಲ ಅಂದಿದ್ದೀನಿ. ನನ್ನ ಗಂಡ ಅಂತ ಬೇರೆ ರೂಲಾ?"

ಫೋಟೋನೂ ಬೇಡ, ಒರೆಸುವುದೂ ಬೇಡ.

ಮಾರ್ಚ್ 8, ಶನಿವಾರ

ನಾಳೆ ಅಂದರು.

ಮಾರ್ಚ್ 11, ಮಂಗಳವಾರ

ಹದಿನಾರನೆಯವರು ಬಂದು ವಾಪಸ್ ಹೋದರು. ಇವತ್ತು ಇನ್ನೊಬ್ಬರು. ಅತ್ತೆ, ಮಾವ ಬರೆದ ಅತ್ತೆಯ ಎದುರು ಕೂತು ಬಿಲ್ಲು, ಕಾಗದ ಏನೇನೋ ನೋಡುತ್ತಿರುತ್ತಾರೆ. ತಲೆಯೆತ್ತುತ್ತಾರೆ, ನೋಡುತ್ತಾರೆ, ತಗ್ಗಿಸುತ್ತಾರೆ. ಯಾವ ಬಾಯಲ್ಲಿ ಒರೆಸಿ ಅನ್ನಲಿ? ಮೊಳೆರಾಯ ಒಂದು ದಿನಕ್ಕೆ ನೂರು ಮೊಳೆ ನೆಟ್ಟಗೆ ಮಾಡಿದ, ಹೊಸ ಮೊಳೆಗಳನ್ನು.

ಮಾರ್ಚ್ 12, ಬುಧವಾರ. ಬೆಳಗ್ಗೆ 11.30

ಮಿಸ್‌ಗೆ ಫೋನ್ ಮಾಡಿದೆ. ಪ್ರಾಮಿಸ್ ಮುರಿಯುವುದಾದರೆ ಬಾಯಿಬಿಟ್ಟು ಹೇಳಿ ಮುರಿಯಬೇಕು. ಎಲ್ಲ ಹೇಳಿದೆ. ಮಾವ, ಮೂಗು, ಸ್ಪಂಜು.

"ನಿಲ್ಲಿಸಿಬಿಡಿ ಮರಿ, ಅಲ್ಲಿಗೇ ನಿಲ್ಲಿಸಿ," ಅಂದರು ಮಿಸ್. ಎಷ್ಟು ಬೇಗ ಅಂದರೆ ನಾನು ಇನ್ನೂ ಮುಗಿಸಿರಲಿಲ್ಲ. "ನಿಜ ಹೇಳ್ತೀನಿ, ನಂಗೆ ಸಮಾಧಾನ ಆಯ್ತು. ಅದು ಚೆನ್ನಾಗಿತ್ತು ಅಂತ ನಂಬ್ಕೊಂಡು ಇಪ್ಪತ್ತೇಳು ವರ್ಷ ಕಳ್ದಿದ್ದೀನಿ. ತೆಗೆದು ನೋಡಿದಾಗ ಚೆನ್ನಾಗಿಲ್ದಿದ್ರೆ? ದಿನಾ ಎದ್ದ ತಕ್ಷಣ ಅದೇ ಯೋಚನೆ. ಭಯ ಆಗತ್ತೆ ಮರಿ."

ಸ್ಪೀಕರ್ ಹಾಕಿರಲಿಲ್ಲ. ಆದರೆ ಮಿಸ್ ಕ್ಲಾಸಿನ ಗಂಟಲು ಇನ್ನೂ ಬಿಟ್ಟಿಲ್ಲ, ಅತ್ತೆಗೆ ಎಲ್ಲ ಕೇಳಿಸಿತು. ಕುರ್ಚಿ ಹಿಂದಕ್ಕೆ ಸರಿದ ಸದ್ದು. ಫೋನ್ ನನ್ನ ಕೈಯಿಂದ ಹೋಯಿತು.

"ಏನಮ್ಮಾ, ನಾನು. ಹೂಂ, ನಾನೇ. ನಾಲ್ಕು ಕಾಗದಕ್ಕೆ ಉತ್ತರ ಇಲ್ಲ ನಿಮ್ದು. ಭಯ ಅಂತೀರಲ್ಲ, ಭಯ ಇರೋರಿಗೆ ಅಂತಾನೇ ನಾನು ಈ ಗೋಡೆ ಇಟ್ಟಿದ್ದು. ಇಲ್ದಿದ್ರೆ ನಂಗೆ ಇಷ್ಟು ಬಣ್ಣ ಬಳಿಯೋ ಹುಚ್ಚು ಯಾಕೆ? ಇಪ್ಪತ್ತೆಂಟನೇ ತಾರೀಕು, ಶುಕ್ರವಾರ. ಹನ್ನೊಂದು ಗಂಟೆ. ಬರ್ತೀರಿ."

ಫೋನ್ ಇಟ್ಟರು. ಅಲ್ಲೇ ನಿಂತರು. ಭಯದ ಬಗ್ಗೆ ಅಷ್ಟು ದೊಡ್ಡದಾಗಿ ಮಾತಾಡಿದವರು ಈಗ ಯಾರ ಮುಖ ನೋಡುವುದು ಅಂತ ಗೊತ್ತಾಗದೆ ಗೋಡೆ ನೋಡಿದರು.

"ಸ್ಪಂಜು ಎಲ್ಲಿ?"

ಕೊಟ್ಟೆ. ಮೊಳೆರಾಯನನ್ನು ಕರೆದೆ. ಅತ್ತೆ ಮೊದಲು ಕುರ್ಚಿ ಒರೆಸಿದರು, ಆಮೇಲೆ ಮೇಜು. ಮೂಗಿನ ಹತ್ತಿರ ಬಂದು ಸ್ವಲ್ಪ ನಿಂತರು.

"ಒಂದು ಗಂಟೆ ಬೀದೀಲಿ ಕೂರ್ಸಿ ಇದನ್ನ ಬರೆದ್ಯಾ ಮಹಾರಾಯ," ಅಂದರು. "ನೋಡಿದ್ದಾಯ್ತು. ನಡಿ."

ಒರೆಸಿದರು. ಸ್ಪಂಜು ಹಿಂಡಿದಾಗ ಬಕೆಟ್ಟಿನ ನೀರು ಬರೀ ಬೂದುಬಣ್ಣ. ಮೊಳೆರಾಯ ನನ್ನ ಬೆರಳು ಹಿಡಿದುಕೊಂಡಿದ್ದ, ನೋವಾಗುವಷ್ಟು. ನಾನೂ ಬಿಡಿಸಿಕೊಳ್ಳಲಿಲ್ಲ.

ಆಮೇಲೆ ಅತ್ತೆ ಎರಡು ಲೋಟ ಟೀ ಕುಡಿದರು.

ಮಾರ್ಚ್ 22, ಶನಿವಾರ

ಎಂಟನೇ ಪದರ. ಈಗ ಬಿಳಿಯ ಬಣ್ಣವೇ ಬೇರೆ, ಹಾಲಿನ ಕೆನೆಯ ಹಾಗೆ ಹಳದಿ. ಮನೆಗೆ ಹೋದಾಗ ನನ್ನ ಕೂದಲಲ್ಲಿ ಸುಣ್ಣದ ಪುಡಿ. "ಎರಡೇ ತಿಂಗಳಲ್ಲಿ ಮುದುಕಿ ಆದ್ಯಲ್ಲೇ," ಅಂತ ಮೊಳೆರಾಯ ಊದಿ ಊದಿ ತೆಗೆದ. ಅವನ ಹುಬ್ಬಿನಲ್ಲೂ ಇತ್ತು. ಹೇಳಲಿಲ್ಲ. ಹಾಗೇ ಚೆನ್ನಾಗಿ ಕಾಣುತ್ತಿದ್ದ. ವಯಸ್ಸಾದ ಮೇಲೆ ಹೀಗೇ ಇರುತ್ತಾನೆ ಅಂತ ಈಗಲೇ ನೋಡಿಕೊಂಡೆ.

ಮಾರ್ಚ್ 27, ಗುರುವಾರ

ನಾಲ್ಕನೆಯವರು ಬಂದು ನೋಡಿ ಹೋದರು. ನಾಳೆ ಮಿಸ್. ಪೆನ್ಸಿಲ್ ಇಷ್ಟು ವರ್ಷ ತಡೆದಿರುತ್ತದಾ ಅಂತ ರಿಪೇರಿ ಮೇಡಂಗೆ ಫೋನ್ ಮಾಡಿದೆ. ತಡೆಯುತ್ತೆ ಅಂದರು. ತೇವ ಹಿಡಿದಿರದಿದ್ದರೆ ಅಂದರು. ಗೋಡೆಯ ಆಚೆ ಬಾತ್‌ರೂಮ್ ಪೈಪ್ ಇದೆ.

ಪ್ರಾಮಿಸ್ ಮಾಡಿದ ಬಾಯಿಗೆ ಬಡಿದುಕೊಳ್ಳಬೇಕು.

ಮಾರ್ಚ್ 28, ಶುಕ್ರವಾರ. ಬೆಳಗ್ಗೆ 11.50

ಅತ್ತೆಯ ಮೇಜಿನಲ್ಲೇ ಕೂತು ಬರೆಯುತ್ತಿದ್ದೇನೆ, ಕೈಯೆಲ್ಲ ಸುಣ್ಣ. ಈಗಲೇ ಬರೆಯದಿದ್ದರೆ ಮರೆತುಬಿಡುತ್ತೇನೆ ಅಂತ ಭಯ.

ಮಿಸ್ ಹತ್ತೂವರೆಗೇ ಬಂದು ಎದುರು ಫುಟ್‌ಪಾತಿನಲ್ಲಿ ನಿಂತಿದ್ದರು. ಅತ್ತೆ ಹೋಗಿ, "ಮಳೆಗೆ ಒಳಗೆ ಬಂದೋರ ಥರ ಆದ್ರೂ ಬನ್ನಿ" ಅಂತ ಕರೆತಂದರು. ಇಬ್ಬರೂ ಕೈ ಹಿಡಿದುಕೊಂಡರು. ಹತ್ತಿ ಒತ್ತಿದೆ. ನೂರು ಎಣಿಸುವ ಬದಲು ನೂರೈವತ್ತು ಎಣಿಸಿದೆ.

ಮೇಲುಗಡೆ ತೇವ ತಿಂದಿದೆ. ಒಂದು ಗೇಣು ಏನೂ ಇಲ್ಲ, ಬರೀ ಕಲೆ. ಮಿಸ್ ಕಣ್ಣು ಮುಚ್ಚಿಕೊಂಡರು. ಆಮೇಲೆ, ಅದರ ಕೆಳಗೆ, ಬೆರಳು. ಐದೂ ಬೆರಳು. ಮೊಳೆರಾಯ ಉಸಿರು ಬಿಗಿಹಿಡಿದು ಎಳೆಯುತ್ತಾ ಹೋದ. ಸ್ಟೂಲ್ ಹತ್ತಿ ತುದಿಗಾಲಲ್ಲಿ ನಿಂತ ಒಬ್ಬ ಹುಡುಗಿ, ಎರಡೂ ಕೈ ಮೇಲೆತ್ತಿ ಏನನ್ನೋ ಗೋಡೆಗೆ ತೂಗುಹಾಕುತ್ತಿದ್ದಾಳೆ. ಹಿಮ್ಮಡಿ ಸ್ಟೂಲಿನಿಂದ ಎದ್ದಿದೆ. ಆ ಹಿಮ್ಮಡಿಯೊಂದು ಸಾಕು. ನಾನು ಅತ್ತುಬಿಟ್ಟೆ.

ಮಿಸ್ ಅಳಲಿಲ್ಲ. ಹತ್ತಿರ ಹೋದರು, ಹಿಂದೆ ಬಂದರು, ತಲೆ ವಾರೆ ಮಾಡಿದರು.

"ಚೆನ್ನಾಗಿಲ್ವಾ ಮಿಸ್?"

"ಎಡಗೈ ಉದ್ದ ಆಗಿದೆ," ಅಂದರು.

"ಬಿಳಿ ಬಳಿಯೋವಾಗ ನಾನು ಅವತ್ತೇ ನೋಡಿದ್ದೆ," ಅಂದರು ಅತ್ತೆ. "ಹೇಳ್ಲಿಲ್ಲ."

"ಹೇಳ್ಬೇಕಿತ್ತು ನೀವು! ಭುಜ ಇಷ್ಟು ಕೆಳಗಿದ್ರೆ ಕೈ ಅಲ್ಲಿಗೆ ಹೇಗೆ ಹೋಗತ್ತೆ? ಇಪ್ಪತ್ತೇಳು ವರ್ಷ ಈ ಹುಡುಗಿ ಹೀಗೇ ನಿಂತಿದ್ದಾಳಲ್ಲ, ಪಾಪ." ಬ್ಯಾಗ್ ಕುರ್ಚಿಯ ಮೇಲೆ ಎಸೆದರು. ತೋಳು ಮಡಚಿದರು. "ಪೆನ್ಸಿಲ್ ಕೊಡು ಮರಿ. ರಬ್ಬರ್ ಬೇಡ. ಆ ಮೇಲುಗಡೆ ಕಲೆ ಆಗಿದೆಯಲ್ಲ, ಅಲ್ಲಿಗೂ ಏನಾದ್ರೂ ಬೇಕು. ಇನ್ನೊಂದು ಸ್ಟೂಲ್ ಇದ್ಯಾ?"

ಮೊಳೆರಾಯ ವರ್ಕ್‌ಶಾಪಿನಿಂದ ಸ್ಟೂಲ್ ತರುತ್ತಿದ್ದಾನೆ. ಅತ್ತೆ ಯಾರಿಗೋ ಫೋನಿನಲ್ಲಿ, ಇನ್ನು ಇಬ್ಬರಿದ್ದಾರಲ್ಲ ಕೆಳಗೆ, ಅವರಿಗೆ, ಇವತ್ತು ನಾಳೆ ಆಗಲ್ಲ, ಮಿಸ್ ಇನ್ನೂ ಮುಗಿಸಿಲ್ಲ ಅಂತ ಹೇಳುತ್ತಿದ್ದಾರೆ. ಈ ಪುಟ ಬರೆಯುತ್ತಿರುವ ಪೆನ್ಸಿಲ್ ಬಿಟ್ಟರೆ ಇಡೀ ಗ್ಯಾಲರಿಯಲ್ಲಿ ಬೇರೆ ಚೂಪಾದದ್ದು ಒಂದೂ ಇಲ್ಲ, ಮಿಸ್ ಕೈ ಚಾಚಿಕೊಂಡೇ ನಿಂತಿದ್ದಾರೆ, ಕೊಡ್ತೀನಿ ಮಿಸ್, ಒಂದೇ ನಿಮಿ—